ಹೇಳಿ ಮಾಡಿಸಿದ ಕಾವು

ಕಮ್ಮಾರನ ತಂಗಿಯನ್ನು ಊರವರು ಕರೆಯುತ್ತಿದ್ದದ್ದು ‘ದೊಡ್ಡ ಸುತ್ತಿಗೆ’ ಅಂತ. ಎದುರಿಗಲ್ಲ ಬಿಡಿ, ಅಷ್ಟು ಎದೆಗಾರಿಕೆ ಯಾರಿಗಿತ್ತು! ಅಣ್ಣ ಕಾದ ಕಬ್ಬಿಣವನ್ನು ಇಕ್ಕಳದಲ್ಲಿ ಹಿಡಿದು, ಸಣ್ಣ ಸುತ್ತಿಗೆಯಿಂದ ಬಡಿಗಲ್ಲಿನ ಮೇಲೆ ಒಮ್ಮೆ ‘ಟಿಣ್’ ಅನ್ನಿಸಿದರೆ ಅವಳು ಹೊಡೆಯಬೇಕು. ಇನ್ನೊಂದು ‘ಟಿಣ್’ ಬಂದರೆ ನಿಲ್ಲಿಸಬೇಕು. ಇಪ್ಪತ್ತು ವರ್ಷ ಆ ಕುಲುಮೆಯಲ್ಲಿ ಅವಳ ಪಾಲಿಗೆ ಬಂದ ಮಾತು ಇಷ್ಟೇ. ಗಂಡು ನೋಡೋಣ ಅಂದವರನ್ನು ಅಣ್ಣ ಬೈದು ಅಟ್ಟುತ್ತಿದ್ದ. ಪುಕ್ಕಟೆ ದುಡಿಯುವ ತಂಗಿಯನ್ನು ಬಿಟ್ಟುಕೊಡುವಷ್ಟು ದಡ್ಡನೇ ಅವನು?

ಎದುರುಮನೆಯ ಬಡಗಿ ಕೊಡಲಿಗೆ, ಸುತ್ತಿಗೆಗೆ ಕಾವು ಕೆತ್ತುವವನು. ಹೆಂಡತಿ ತೀರಿಕೊಂಡು ಆರು ವರ್ಷ. ದಿನಾ ಬಾಗಿಲಲ್ಲಿ ನಿಂತು ಒಂದೇ ಮಾತು ಕೇಳುತ್ತಿದ್ದ.

“ಕಾವು ಹೇಗಿದೆ?”

“ಇದೆ,” ಅನ್ನುತ್ತಿದ್ದಳು.

ಸುತ್ತಿಗೆಯ ಕಾವೋ, ಒಲೆಯ ಕಾವೋ, ಬೇರೆಯವರಿಗೆ ತಿಳಿಯುತ್ತಿರಲಿಲ್ಲ. ಅವರಿಬ್ಬರಿಗೆ ತಿಳಿದಿತ್ತು, ಸಾಕಲ್ಲ.

ಹೋದ ವರ್ಷ ಅವಳ ಸುತ್ತಿಗೆಯ ಕಾವು ಸೀಳಿತು. ಬಡಗಿ ಹೊಸದು ಕೂರಿಸಿಕೊಟ್ಟ. ಅಣ್ಣ ಹಿಡಿದು ನೋಡಿದರೆ ಬೆರಳು ಕೂರಲೇ ಇಲ್ಲ. ಎಡಗೈಯ ಹೆಬ್ಬೆರಳಿಗೊಂದು ತಗ್ಗು, ಸೊಟ್ಟ ಕಿರುಬೆರಳಿಗೊಂದು ತಗ್ಗು. ಊರಿಗೆಲ್ಲ ಎಡಚಿ ಅಂದರೆ ಅವಳೊಬ್ಬಳೇ.

“ನನ್ನ ತಂಗಿ ಕೈ ಯಾವಾಗ ಹಿಡಿದೆಯೋ?”

“ಹಿಡಿದಿಲ್ಲ ಅಣ್ಣ. ಹಳೇ ಕಾವು ಸವೆದಿತ್ತಲ್ಲ, ಅದನ್ನ ನೋಡಿ ಕೆತ್ತಿದೆ.”

ಪಾಪ, ನಿಜವನ್ನೇ ಹೇಳಿದ. ಸಿಟ್ಟು ನೆತ್ತಿಗೇರಿದವನಿಗೆ ನಿಜ ಕಟ್ಟಿಕೊಂಡು ಏನಾಗಬೇಕು! ಅಣ್ಣ ಇಕ್ಕಳದಿಂದ ಅವನ ಬಾಯಿಗೆ ಬಾರಿಸಿದ. ಎರಡು ಹಲ್ಲು ಇದ್ದಿಲಿಗೆ ಬಿದ್ದವು. ಹೊಟ್ಟೆಗೆ ಒದ್ದ. ಬಗ್ಗಿದವನನ್ನು ಕೂದಲು ಹಿಡಿದು ಎಳೆದು, ಇಕ್ಕಳ ಬಿಸಾಕಿ, ಅವನ ಬಲಗೈಯನ್ನು ಬಡಿಗಲ್ಲಿನ ಮೇಲೆ ಅದುಮಿ ಹಿಡಿದ. ಬೀದಿಯ ಜನವೆಲ್ಲ ಬಾಗಿಲಿಗೆ ನೆರೆಯಿತು. ಒಬ್ಬರಾದರೂ ಬಿಡಿಸಬಾರದೇ? ಕಣ್ಣು ಬಿಟ್ಟುಕೊಂಡು ನಿಂತರು, ದರಿದ್ರದವರು.

“ಹೊಡಿಯೇ! ಇವನು ಇನ್ನು ಉಳಿ ಹಿಡಿಯಬಾರದು.”

“ಅಣ್ಣ, ಕಾಲಿಗೆ ಬೀಳ್ತೀನಿ, ಬಿಟ್ಟುಬಿಡು,” ಅಂದಳು ತಂಗಿ.

‘ಟಿಣ್’ ಅಂತು ಸಣ್ಣ ಸುತ್ತಿಗೆ.

ಅವಳು ಸುತ್ತಿಗೆ ಎತ್ತಿದಳು. ಕಾವು ಅಂಗೈಗೆ ಹೇಳಿ ಮಾಡಿಸಿದ ಹಾಗೆ ಕೂತಿತು. ಎರಡನೆಯ ‘ಟಿಣ್’ಗಾಗಿ ಕಾದಳು. ಬರಲಿಲ್ಲ.

ಮೂಳೆ ಲಟಲಟನೆ ಮುರಿಯಿತು. ಅಯ್ಯೋ ಎಂದು ಅರಚಿದ್ದು ಅಣ್ಣ. ಬಡಗಿಯ ಮಣಿಕಟ್ಟು ಹಿಡಿದಿದ್ದ ಅವನ ಕೈ ಬಡಿಗಲ್ಲಿನ ಮೇಲೆ ರಕ್ತದ ಮುದ್ದೆಯಾಗಿತ್ತು.

“ಏಟು ತಪ್ಪಿತು, ಅಷ್ಟೇ,” ಎಂದು ಮೊಂಡುಗೈ ಹೊತ್ತ ಅಣ್ಣ ಈಗಲೂ ಸಿಕ್ಕವರಿಗೆಲ್ಲ ಹೇಳುತ್ತಾನೆ. ಅವಳಿರುವುದು ಈಗ ಎದುರುಮನೆಯಲ್ಲಿ. ಮೊನ್ನೆ ನೀರಿಗೆ ಬಂದ ನೆರೆಯಾಕೆ ತಡೆಯಲಾರದೆ ಕೇಳಿಯೇ ಬಿಟ್ಟಳು.

“ಅವತ್ತು ಏಟು ತಪ್ಪಿತಂತೆ, ಹೌದೇನೇ?”

ಅವಳು ಕೊಡವನ್ನು ಸೊಂಟಕ್ಕೇರಿಸಿದಳು.

“ಇಪ್ಪತ್ತು ವರ್ಷದಲ್ಲಿ ಒಂದು ಸಲವೂ ತಪ್ಪಿಲ್ಲ ಕಣೇ.”