ಬಾಯಿ ಮುಚ್ಚಿ ಅಗಿಯುವುದು

ಶಿವಮೊಗ್ಗದ ಕಾನ್ವೆಂಟಿನಲ್ಲಿ ಕಲಿತದ್ದರಲ್ಲಿ ನನಗೆ ಇವತ್ತಿಗೂ ಮರೆಯದೆ ಉಳಿದಿರುವುದು ಗ್ರಾಮರ್ ಅಲ್ಲ, ಪ್ರೇಯರ್ ಅಲ್ಲ, ಬಾಯಿ ಮುಚ್ಚಿ ಅಗಿಯುವುದು. ಮಧ್ಯಾಹ್ನ ಟಿಫಿನ್ ಬಿಚ್ಚಿದಾಗ ಸಿಸ್ಟರ್ ಬೆಂಚುಗಳ ನಡುವೆ ಓಡಾಡುತ್ತಿದ್ದರು. ಯಾರ ಬಾಯಿಂದಲಾದರೂ ಸಪ್ಪಳ ಬಂದರೆ ಎದುರು ನಿಂತು ತುಟಿಯ ಮೇಲೆ ಬೆರಳಿಟ್ಟು, "ಕ್ಲೋಸ್ ಯುವರ್ ಲಿಪ್ಸ್, ಚೈಲ್ಡ್" ಅನ್ನುತ್ತಿದ್ದರು.

ಅರವತ್ತರ ದಶಕದ ಮೊದಲಲ್ಲಿ ಮದುವೆಯಾಗಿ ಭದ್ರಾವತಿಗೆ ಬಂದೆ. ಯಜಮಾನರಿಗೆ ಕಾರ್ಖಾನೆಯಲ್ಲಿ ಕೆಲಸ, ನ್ಯೂ ಟೌನಿನಲ್ಲಿ ಕ್ವಾರ್ಟರ್ಸ್. ಜೊತೆಗೆ ಹೊಳಲೂರಿನಿಂದ ಬಂದ ಅತ್ತೆ. ಅವರು ರೊಟ್ಟಿ ತಿಂದರೆ ಪಕ್ಕದ ಮನೆಗೂ ಕೇಳುತ್ತಿತ್ತು. ಮುಂದಿನ ಎರಡು ಹಲ್ಲಿರಲಿಲ್ಲ. ದವಡೆ ಗಾಣದ ಹಾಗೆ ಸುತ್ತುತ್ತಿತ್ತು. ನಾನು ಎದ್ದು ಅಡುಗೆಮನೆಗೆ ಹೋಗಿಬಿಡುತ್ತಿದ್ದೆ.

ಮಗನಿಗೆ ಎಂಟು ತಿಂಗಳಾದಾಗ ಅತ್ತೆ ಅವನನ್ನು ಎದುರಿಗೆ ಕೂರಿಸಿಕೊಂಡು ಉಣ್ಣತೊಡಗಿದರು. ಒಂದು ದಿನ ತಾವು ಅಗಿದ ರೊಟ್ಟಿಯನ್ನು ಬೆರಳಲ್ಲಿ ತೆಗೆದು ಅವನ ಬಾಯಿಗಿಟ್ಟರು.

"ಅತ್ತೆ, ಎಂಜಲು! ಜರ್ಮ್ಸ್ ಇರುತ್ತೆ!"

"ನಿನ್ ಗಂಡನ್ನೂ ಹಿಂಗೇ ಬೆಳ್ಸಿದ್ದು ಕಣವ್ವ. ಸತ್ತೋದ್ನಾ?"

"ಅದೆಲ್ಲ ಹಳ್ಳೀಲಿ. ನೀವು ತಿನ್ನೋದು ನೋಡಿದ್ರೇ ಅಸಹ್ಯ ಆಗುತ್ತೆ ನಂಗೆ."

ಆ ಕೊನೆಯ ಮಾತು ಬೇಕಿರಲಿಲ್ಲ. ಅತ್ತೆ ತಟ್ಟೆ ಎತ್ತಿಕೊಂಡು ಹಿತ್ತಲಿಗೆ ಹೋದರು. ಅಂದಿನಿಂದ ಅವರ ಊಟ ಬಟ್ಟೆ ಒಗೆಯುವ ಕಲ್ಲಿನ ಹತ್ತಿರ. ತಿಂಗಳೊಳಗೆ ಹೊಳಲೂರಿಗೆ, ದೊಡ್ಡ ಮಗನ ಮನೆಗೆ ಹೊರಟುಹೋದರು. ಯಜಮಾನರೇ ಬಸ್ಸು ಹತ್ತಿಸಿ ಬಂದರು. ಸುಳ್ಳು ಬರೆದು ಈ ವಯಸ್ಸಿನಲ್ಲಿ ನನಗೇನು ಲಾಭ? ಅವತ್ತು ಮನೆ ಎಷ್ಟು ನಿಶ್ಶಬ್ದವಾಗಿದೆ ಎಂದು ಖುಷಿಪಟ್ಟೆ.

ಆಮೇಲೆ ಮಗುವಿನ ಊಟವೆಲ್ಲ ನನ್ನ ಕೈಯಲ್ಲೇ. ರಾಗಿ ಸರಿ, ಬೇಳೆ ಕಟ್ಟು, ಅರೆದ ಅನ್ನ. ಎಲ್ಲವನ್ನೂ ತೆಳು ಬಟ್ಟೆಯಲ್ಲಿ ಸೋಸಿ ಕೊಡುತ್ತಿದ್ದೆ. ಪರ್ಫೆಕ್ಟ್ಲಿ ಹೈಜೀನಿಕ್. ಅವನನ್ನು ಮಲಗಿಸಿ, ಯಜಮಾನರಿಗೆ ಬಡಿಸಿ, ಕೊನೆಗೆ ಅಡುಗೆಮನೆಯಲ್ಲಿ ಒಬ್ಬಳೇ ಉಣ್ಣುತ್ತಿದ್ದೆ. ಹೆಂಗಸು ಕೊನೆಗೆ ಉಣ್ಣಬೇಕೆಂಬುದನ್ನು ಮಾತ್ರ ಯಾವ ಕಾನ್ವೆಂಟೂ ನನಗೆ ಬಿಡಿಸಿರಲಿಲ್ಲ.

ಮಗನಿಗೆ ಎರಡು ವರ್ಷ ತುಂಬಿತು. ಬಾಯಿ ತುಂಬ ಹಲ್ಲು, ಆದರೆ ಒಂದು ಅಗುಳು ಸಿಕ್ಕರೂ ವಾಕರಿಸುತ್ತಿದ್ದ. ರೊಟ್ಟಿಯ ಚೂರನ್ನು ಕೆನ್ನೆಯಲ್ಲೇ ಇಟ್ಟುಕೊಂಡು ತಾಸಿನ ಮೇಲೆ ಹಾಗೇ ಉಗುಳುತ್ತಿದ್ದ. ಪಕ್ಕೆಲುಬು ಕಾಣತೊಡಗಿತು. ಡಾಕ್ಟರು ಗಂಟಲು ನೋಡಿ, "ನಥಿಂಗ್ ರಾಂಗ್. ಅಗಿಯೋದು ಕಲ್ತಿಲ್ಲ, ಅಷ್ಟೇ" ಅಂದರು.

ಅಗಿಯುವುದನ್ನೂ ಕಲಿಸಬೇಕೆ? ಅವಮಾನದಿಂದ ಕುದಿಯುತ್ತ ಮನೆಗೆ ಬಂದವಳು ಅವನ ಮೂಗು ಹಿಡಿದು ಬಾಯಿಗೆ ಚಪಾತಿ ತುರುಕಿದೆ. ಗಂಟಲಿಗೆ ಸಿಕ್ಕಿ ಮುಖ ನೀಲಿಯಾಯಿತು. ತೊಡೆಯ ಮೇಲೆ ಬೋರಲು ಹಾಕಿ ಬೆನ್ನಿಗೆ ಬಡಿದೆ. ಚೂರು ಹೊರಗೆ ಬಿತ್ತು. ಅಂದಿನಿಂದ ನನ್ನ ಕೈ ಹತ್ತಿರ ಬಂದರೆ ಸಾಕು, ತುಟಿ ಬಿಗಿದು ಮುಚ್ಚುತ್ತಿದ್ದ. ಸಿಸ್ಟರ್ ನೋಡಿದ್ದರೆ ಮೆಚ್ಚುತ್ತಿದ್ದರು.

ಬೇರೆ ದಾರಿ ಕಾಣದೆ ಹೊಳಲೂರಿಗೆ ಹೋದೆ. ಜಗಲಿಯ ಮೇಲೆ ಅವರೆಕಾಯಿ ಸುಲಿಯುತ್ತಿದ್ದ ಅತ್ತೆ ಎಲ್ಲವನ್ನೂ ಕೇಳಿಸಿಕೊಂಡರು.

"ನೀನು ಉಣ್ಣೋದನ್ನ ಕೂಸು ನೋಡಿದ್ಯಾ?"

"ಇಲ್ಲ. ಅವನು ಮಲಗಿದ ಮೇಲೆ ನಾನು..."

"ನೋಡಿದ್ರೂ ಏನ್ ಕಾಣ್ಸುತ್ತೆ ಮಾರಾಯ್ತಿ? ಬಾಯಿಗೆ ಬೀಗ ಹಾಕ್ಕೊಂಡು ತಿಂತೀಯ. ಹಲ್ಲು ಆಡೋದು ಕಾಣ್ದೆ ಅದು ಏನ್ ನೋಡಿ ಕಲೀಬೇಕು?"

"ನೀವೇ ಬನ್ನಿ ಅತ್ತೆ. ನಾಲ್ಕು ದಿನ."

"ಯಾಕೆ, ಈಗ ಅಸಹ್ಯ ಆಗಲ್ವಾ?" ಅತ್ತೆ ನಗುತ್ತಲೇ ಕೇಳಿದರು. "ಹೋಗು. ಅವನ್ ಎದ್ರಿಗೆ ಕೂತು ಬಾಯಿ ಬಿಟ್ಟು ತಿನ್ನು. ನಂಗಿಂತ ಜೋರಾಗಿ ತಿನ್ನು."

ಅವರು ಬರಲಿಲ್ಲ.

ಭದ್ರಾವತಿಗೆ ಮರಳಿ, ಬಾಗಿಲು ಹಾಕಿ, ಕರ್ಟನ್ ಎಳೆದು, ಮಗನ ಮುಂದೆ ತಟ್ಟೆ ಇಟ್ಟುಕೊಂಡು ಕೂತೆ. ಕಳ್ಳತನಕ್ಕೆ ಕೂತ ಹಾಗಿತ್ತು. ತುಟಿ ತೆರೆಯಲೊಲ್ಲದು! ಕೊನೆಗೆ ಬಾಯಿ ಬಿಟ್ಟು ಚಪ್ ಚಪ್ ಎಂದು ರೊಟ್ಟಿ ಅಗಿದೆ. ಅವನು ಬೆರಗಾಗಿ ನೋಡಿದ. ನಾಲ್ಕೈದು ದಿನದಲ್ಲಿ ಅವನ ಖಾಲಿ ದವಡೆ ನನ್ನ ದವಡೆಯ ಜೊತೆ ಆಡತೊಡಗಿತು. ಒಂದು ಮಧ್ಯಾಹ್ನ ನನ್ನ ತಟ್ಟೆಯಿಂದ ತಾನೇ ಮೆತ್ತಗಿನ ಚೂರೊಂದನ್ನು ಎತ್ತಿಕೊಂಡು, ಅಗಿದು, ನುಂಗಿ, ಇನ್ನೊಂದಕ್ಕೆ ಕೈ ಚಾಚಿದ. ಯಾರು ಕಲಿಸಿದ್ದೆಂದು ಅಕ್ಕಪಕ್ಕದವರು ಕೇಳಿದಾಗ "ಡಾಕ್ಟರ್ ಅಡ್ವೈಸ್" ಅಂದೆ. ಅತ್ತೆಗೆ ಒಂದು ಕಾಗದವನ್ನೂ ಬರೆಯಲಿಲ್ಲ.

ವಯಸ್ಸು ಬಂದಾಗ ಅವನನ್ನೂ ಕಾನ್ವೆಂಟಿಗೇ ಸೇರಿಸಿದೆ. ಆ ವರ್ಷದ ರಜೆಯಲ್ಲಿ ಹೊಳಲೂರಿನಲ್ಲಿ ಎಲ್ಲರೂ ಊಟಕ್ಕೆ ಕೂತಿದ್ದೆವು. ಅತ್ತೆ ಮೊಮ್ಮಗನನ್ನು ಎದುರಿಗೇ ಕೂರಿಸಿಕೊಂಡಿದ್ದರು. ಅವನು ಅವರ ಬಾಯನ್ನೇ ನೋಡುತ್ತಿದ್ದವನು ತುಟಿಯ ಮೇಲೆ ಬೆರಳಿಟ್ಟು ಹೇಳಿದ:

"ಅಜ್ಜಿ, ಕ್ಲೋಸ್ ಯುವರ್ ಲಿಪ್ಸ್."

"ಏನಂತಾನೆ?" ಅತ್ತೆ ನನ್ನನ್ನು ಕೇಳಿದರು.

"ರೊಟ್ಟಿ ಚೆನ್ನಾಗಿದೆ ಅಂತಾನೆ."

ಅವರು ಅವನ ಬೆರಳನ್ನು ನೋಡಿದರು, ಆಮೇಲೆ ನನ್ನನ್ನು. ಮಂಡಿಯ ಮೇಲೆ ಕೈಯೂರಿ ಎದ್ದು, ತಟ್ಟೆ ಎತ್ತಿಕೊಂಡು ಹಿತ್ತಲಿಗೆ ಹೋದರು.

"ಮಮ್ಮಿ, ಅಜ್ಜಿ ಯಾಕೆ ಹೋದ್ರು?"

ನನ್ನ ಬಾಯಲ್ಲಿ ತುತ್ತಿತ್ತು. ಅದನ್ನು ಸಪ್ಪಳವಿಲ್ಲದೆ, ತುಟಿ ಮುಚ್ಚಿ, ಬಹಳ ಹೊತ್ತು ಅಗಿದೆ.