ಒಡೆದ ದನಿ ಹೊತ್ತು ನಾಗಮಂಗಲಕ್ಕೆ

ಶ್ರೀರಂಗಪಟ್ಟಣದ ಬಸ್ ಸ್ಟ್ಯಾಂಡಿನಲ್ಲಿ ಪಾಂಡವಪುರದ ಬಸ್ಸಿಗೆ ಕಾಯುತ್ತಾ ನಾನು ಮತ್ತೆ ಮತ್ತೆ ಕೆಮ್ಮುತ್ತಿದ್ದೆ. ಕೆಮ್ಮು ಬಂದು ಅಲ್ಲ, ದನಿ ಇನ್ನೂ ಒಳಗಿದೆಯೋ ಇಲ್ಲವೋ ಎಂದು ನೋಡಲು. ಪಕ್ಕದಲ್ಲಿ ಕೂತಿದ್ದ ನಮ್ಮತ್ತೆ ಪುಟ್ಟತಾಯಮ್ಮನಿಗೆ ರೇಗಿಹೋಯಿತು.

"ಅದೇನೇ ಭಾಗ್ಯ, ಬೆಳಿಗ್ಗೆಯಿಂದ ಕೆರ್ಕತಾನೇ ಇದ್ದೀಯ. ಇರೋ ಗಂಟ್ಲೂ ಕಿತ್ತಾಕ್ಕಂಡು ಓಯ್ತೀಯಾ? ಸುಮ್ಕೆ ಕುಂತ್ಕೊ."

ಜನವರಿಯ ಚಳಿ, ಹೊಳೆ ಕಡೆಯಿಂದ ಬರುವ ಮಂಜು. ಕತ್ತಿಗೆ ಸುತ್ತಿದ್ದ ಸ್ಕಾರ್ಫನ್ನು ಇನ್ನೊಂದು ಸುತ್ತು ಬಿಗಿ ಮಾಡಿದೆ. ಅದು ಚಳಿಗೂ ಹೌದು, ಹೊಲಿಗೆ ಗುರುತು ಮುಚ್ಚಲೂ ಹೌದು.

ನಾನು ಹಾಡು ಕಟ್ಟುವವಳು. ಸಿನಿಮಾದವಳಲ್ಲ, ಯಾವ ಕಂಪನಿಗೂ ಸೇರಿದವಳಲ್ಲ. ನಾನೇ ಬರೆದು, ನಾನೇ ರಾಗ ಕೂರಿಸಿ, ದನಿ ಗುಂಯ್‌ಗುಡದಂತೆ ಮಂಚದ ಹಾಸಿಗೆಗಳನ್ನೆಲ್ಲ ಗೋಡೆಗೆ ಒರಗಿಸಿ, ಆ ಕೋಣೆಯಲ್ಲೇ ಹಾಡಿ ಫೋನಿನಲ್ಲಿ ಬಿಡುತ್ತಿದ್ದೆ. ಗಂಜಾಮಿನ ನಮ್ಮ ಮನೆಯ ಹಸು ಗೌರಿ ಒದೆಯುವುದರಲ್ಲಿ ಹೆಸರುವಾಸಿ. ಅದರ ಮೇಲೆ ಕಟ್ಟಿದ ಹಾಡು ಹೇಗೋ ಮಂಡ್ಯ ಸೀಮೆಯೆಲ್ಲ ಓಡಾಡಿಬಿಟ್ಟಿತು. ಮದುವೆ, ಬೀಗರೂಟ, ಕಾಲೇಜಿನ ಸಮಾರಂಭ ಎಂದು ನನ್ನನ್ನೂ ಗಿಟಾರನ್ನೂ ಕರೆಯುವವರಾದರು. ನಾಲ್ಕು ಜನ ಗುರುತಿಸುವ ಹೊತ್ತಿಗೆ ಕತ್ತಿನಲ್ಲಿ ಗಂಟು ಕಂಡಿತು. ಥೈರಾಯ್ಡ್ ಕ್ಯಾನ್ಸರ್ ಎಂದರು. ಆಪರೇಷನ್ ಆಯಿತು, ಮೇಲೆ ವಿಕಿರಣದ ಔಷಧಿ ಕೊಟ್ಟು, ಯಾರಿಗೂ ತಾಗದಂತೆ ಒಂಟಿ ಕೋಣೆಯಲ್ಲಿಟ್ಟರು. ಈಗ ಏನೂ ಇಲ್ಲ, ಆಗಾಗ ಬಂದು ತೋರಿಸಿ ಎನ್ನುತ್ತಾರೆ. ಬದುಕಿಕೊಂಡೆ. ಆದರೆ ದನಿಗೆ ಹೋಗುವ ನರಕ್ಕೆ ಪೆಟ್ಟಾಗಿತ್ತು. ತಿಂಗಳುಗಟ್ಟಲೆ ಬರೀ ಗಾಳಿ ಬರುತ್ತಿತ್ತು. ಆಮೇಲೆ ಬಂದ ದನಿ ತುಕ್ಕು ಹಿಡಿದ ಬಾಗಿಲು ತೆರೆದ ಹಾಗಿತ್ತು, ಅದೂ ಮೇಲಿನ ಸ್ವರಕ್ಕೆ ಹೋದರೆ ಒಡೆಯುತ್ತಿತ್ತು.

ಆಮೇಲೆ ನಾನು ಜನರೆದುರು ಹಾಡಿರಲಿಲ್ಲ. ನಾಗಮಂಗಲದಾಚೆಯ ಒಂದು ಊರಿನ ಮಹಿಳಾ ಡೈರಿಯವರು ಹೊಸ ಕಟ್ಟಡದ ಪ್ರಾರಂಭಕ್ಕೆ ಕರೆದಾಗ, ಯಾವ ಧೈರ್ಯದಲ್ಲೋ ಹೂಂ ಎಂದುಬಿಟ್ಟೆ. ಅಂದಿನಿಂದ ನಿದ್ದೆ ಹಾರಿಹೋಗಿತ್ತು. ಅಲ್ಲಿ ಹಾಡಲಾಗದಿದ್ದರೆ ಗಿಟಾರನ್ನು ಯಾರಿಗಾದರೂ ಕೊಟ್ಟು, ನಮ್ಮವರ ಜೆರಾಕ್ಸ್ ಅಂಗಡಿಯಲ್ಲಿ ಕೂತುಬಿಡುವುದೆಂದು ತೀರ್ಮಾನಿಸಿದ್ದೆ. ಅತ್ತೆಗೂ ಹಾಗೇ ಹೇಳಿದ್ದೆ. "ಅಂಗಡೀಲಿ ನೊಣ ಓಡಿಸ್ಕಂಡು ಕುಂತ್ಕತೀಯಾ? ನಡಿ, ನಾನೂ ಬತ್ತೀನಿ" ಎಂದು ಹೊರಟು ನಿಂತಿದ್ದರು.

ಬಸ್ಸು ಬಂತು. ಹೆಂಗಸರಾದ್ದರಿಂದ ನಮ್ಮಿಬ್ಬರಿಗೂ ಸೊನ್ನೆ ಟಿಕೆಟ್. ಕಂಡಕ್ಟರಿಗೆ ತಲೆನೋವಾದದ್ದು ಗಿಟಾರು. "ಇದೇನವ್ವ, ವೀಣೆಯಾ?" ಎಂದ. "ಅದ್ರ ತಮ್ಮ ಅಂದ್ಕೊಳಪ್ಪ" ಎಂದರು ಅತ್ತೆ. ಅವನು ನಕ್ಕು, ಲಗೇಜು ಹಾಕದೆ ಮುಂದೆ ಹೋದ. ಪಾಂಡವಪುರ ಹದಿನೈದು ಕಿಲೋಮೀಟರಿನ ಹತ್ತಿರ. ಮುಂದೆ ಕಬ್ಬಿನ ಟ್ರಾಕ್ಟರುಗಳು ಸಾಲಾಗಿದ್ದವು, ಬಸ್ಸು ತೆವಳಿತು. ನನಗೆ ಅದೇ ಹಿತವಾಗಿತ್ತು, ಎಷ್ಟು ತಡವಾದರೆ ಅಷ್ಟು ಒಳ್ಳೆಯದು.

ಪಾಂಡವಪುರದಲ್ಲಿ ಇಡ್ಲಿ ತಿಂದೆವು. ಅಲ್ಲಿಂದ ಮೇಲುಕೋಟೆ ಕಡೆ ಹೋಗಿದ್ದರೆ ನಾಗಮಂಗಲ ಹತ್ತಿರವಿತ್ತು. ಆದರೆ ಡೈರಿಯವರು ಮೈಕ್ ಸೆಟ್ಟಿಗೆ ಹೇಳಿದ್ದು ಕೆ.ಆರ್. ಪೇಟೆಯ ರಫೀಕ್ ಭಾಯ್‌ಗೆ, ಅವರ ವ್ಯಾನಿನಲ್ಲೇ ನಾವೂ ಬರಬೇಕೆಂದು ಏರ್ಪಾಡು. ಹೀಗಾಗಿ ಸುತ್ತು ಹಾದಿ ಹಿಡಿದು ಕೆ.ಆರ್. ಪೇಟೆ ಬಸ್ಸು ಹತ್ತಿದೆವು.

ಆ ಬಸ್ಸಿನಲ್ಲಿ ಮುಂದಿನ ಸೀಟಿನ ಹೆಂಗಸು ಫೋನು ತೆಗೆದಳು. ಒಂದೆರಡು ವೀಡಿಯೊ ಸರಿಸಿದ ಮೇಲೆ ಬಂದದ್ದು ನನ್ನದೇ ಹಾಡು.

"ಒದೀಬ್ಯಾಡ ಕಣೆ ಗೌರಿ, ವಸಿ ನಿಂತ್ಕೊಳೆ ಗೌರಿ,
ನಿಂಗೂ ನಂಗೂ ಬೆಳಗಾಗೆದ್ರೆ ಒಂದೇ ಚಾಕರಿ..."

ಎಷ್ಟು ಸಲೀಸಾಗಿ ಮೇಲೆ ಹೋಗುತ್ತಿತ್ತು ಆ ದನಿ! ನನ್ನದೇ ಎಂದು ನನಗೇ ನಂಬಿಕೆ ಬರಲಿಲ್ಲ, ಹೊಟ್ಟೆಕಿಚ್ಚಾಯಿತು. ಅದರ ಜೊತೆ ಮೆಲ್ಲಗೆ ಗುನುಗಿದೆ. ಎರಡನೇ ಸಾಲಿಗೆ ಆ ಹೆಂಗಸು ಹಿಂದೆ ತಿರುಗಿದಳು.

"ಅಕ್ಕ, ವಸಿ ಸುಮ್ಕಿರಿ. ಒಳ್ಳೆ ಹಾಡು ಕೆಡಿಸ್ಬ್ಯಾಡಿ."

ಅತ್ತೆ ಬಾಯಿ ತೆರೆದರು. ಅವರ ತೊಡೆ ಚಿವುಟಿ ಸುಮ್ಮನಾಗಿಸಿದೆ. ಕೆ.ಆರ್. ಪೇಟೆ ಬರುವವರೆಗೆ ಕಿಟಕಿಯಾಚೆ ನೋಡುತ್ತಾ ಕೂತೆ. ಗದ್ದೆ, ತೆಂಗು, ಮತ್ತೆ ಗದ್ದೆ ಹೋದವು, ಯಾವುದೂ ಕಣ್ಣಿಗೆ ಹತ್ತಲಿಲ್ಲ. ಆ ಹೆಂಗಸಿನ ಮೇಲೆ ಕೋಪ ಬರಲಿಲ್ಲ. ಅವಳು ಹೇಳಿದ್ದು ನಿಜ ಎಂಬುದೇ ನನ್ನ ಸಂಕಟ.

ರಫೀಕ್ ಭಾಯ್‌ದು ಬಸ್ ಸ್ಟ್ಯಾಂಡಿನ ಹಿಂದೆ ಮೈಕ್ ಸೆಟ್ಟಿನ ಅಂಗಡಿ. ಬಿಳಿ ಗಡ್ಡದ ಮನುಷ್ಯ, ತುಂಬಾ ಮರ್ಯಾದಸ್ಥರು. ಪಕ್ಕದ ಮೆಸ್ಸಿನಲ್ಲಿ ಮುದ್ದೆ, ಬಸ್ಸಾರು ಊಟ ಮಾಡಿಸಿದರು. ಆಪರೇಷನ್ ಆದಮೇಲೆ ಮುದ್ದೆಯನ್ನು ನಾನು ಚೂರು ಚೂರು ಮಾಡಿ, ಹೆದರಿ ಹೆದರಿ ನುಂಗುತ್ತೇನೆ. ಅದನ್ನು ಅವರು ಗಮನಿಸಿದರೆಂದು ಕಾಣುತ್ತದೆ. ವ್ಯಾನು ಹೊರಟ ಮೇಲೆ ಮೆಲ್ಲಗೆ ಮಾತು ತೆಗೆದರು.

"ಮೇಡಂ, ಬೇಜಾರು ಮಾಡ್ಕೊಬ್ಯಾಡಿ. ನಿಮ್ಮ ತಬಿಯತ್ ವಿಷ್ಯ ಡೈರಿಯೋರು ಯೋಳವ್ರೆ. ನಿಮ್ಮ ಹಳೇ ಹಾಡು ನನ್ ಪೆನ್ ಡ್ರೈವಲ್ಲಿ ಐತೆ. ನಾನು ಹಿಂದ್ಗಡೆಯಿಂದ ಟ್ರ್ಯಾಕ್ ಬುಡ್ತೀನಿ, ನೀವು ಮೈಕ್ ಮುಂದೆ ಬಾಯಿ ಅಲ್ಲಾಡ್ಸಿದ್ರೆ ಸಾಕು. ದೊಡ್ಡ ದೊಡ್ಡ ಆರ್ಕೆಸ್ಟ್ರಾನೋರೇ ಅಂಗ್ ಮಾಡ್ತಾರೆ. ಖುದಾ ಕಸಂ, ಯಾರ್ಗೂ ಗೊತ್ತಾಗಲ್ಲ."

ಅವರ ಮಾತಿನಲ್ಲಿ ಕೊಂಕಿರಲಿಲ್ಲ, ಕರುಣೆಯಿತ್ತು. ನೋಡೋಣ ಎಂದೆ. ಅಲ್ಲಿಂದ ನಾಗಮಂಗಲದವರೆಗೆ ನಲವತ್ತು ಕಿಲೋಮೀಟರು ಇರಬಹುದು, ನನ್ನ ತಲೆಯಲ್ಲಿ ಅದೊಂದೇ ಓಡುತ್ತಿತ್ತು. ಟ್ರ್ಯಾಕ್ ಹಾಕಿದರೆ ಮಾನ ಉಳಿಯುತ್ತದೆ. ಆದರೆ ಹಾಗೆ ಉಳಿಯುವ ಮಾನ ಈಗಿನ ನನ್ನದಲ್ಲ. ಹೊಸ ದನಿಯನ್ನು ಜನ ಒಪ್ಪುತ್ತಾರೋ ಇಲ್ಲವೋ ಎಂದು ತಿಳಿಯಲು ಬಂದವಳು, ಹಳೆಯ ದನಿಗೆ ಬಾಯಿ ಅಲ್ಲಾಡಿಸಿ ಯಾವ ಮುಖ ಹೊತ್ತು ಮನೆಗೆ ಹೋಗಲಿ? ಅತ್ತೆ ಹಿಂದಿನ ಸೀಟಿನಲ್ಲಿ ಸ್ಪೀಕರಿಗೆ ಒರಗಿ ಗೊರಕೆ ಹೊಡೆಯುತ್ತಿದ್ದರು.

ನಾಗಮಂಗಲ ದಾಟಿ, ಆದಿಚುಂಚನಗಿರಿ ಕಡೆಯ ರಸ್ತೆಯಿಂದ ಒಳಗೆ ತಿರುಗಿದ ಮೇಲೆ ಊರು ಸಿಕ್ಕಿತು. ಹಳದಿ ಬಣ್ಣದ ಹೊಸ ಡೈರಿ, ಮುಂದೆ ಶಾಮಿಯಾನ, ಕುರ್ಚಿಗಳ ತುಂಬ ಹೆಂಗಸರು. ಡೈರಿಯ ಅಧ್ಯಕ್ಷೆ ಜಯಮ್ಮ ಓಡಿಬಂದು ನನ್ನ ಕೈ ಹಿಡಿದುಕೊಂಡರು. "ಬಂದ್ರಲ್ಲ, ಅಷ್ಟೇ ಸಾಕು" ಎಂದರು. ಮೂರು ಗಂಟೆಗೆ ಎಂದಿದ್ದ ಕಾರ್ಯಕ್ರಮದಲ್ಲಿ ಬಂದ ಮುಖಂಡರೆಲ್ಲ ಹಾಲಿನ ಮಹತ್ವದ ಮೇಲೆ ಮಾತಾಡಿದರು, ಹಾಲು ಕರೆಯುವವರೇ ಕೂತು ಕೇಳಿದರು. ಬಿಸಿಲು ಓರೆಯಾಯಿತು. ಭಾಷಣ ತಡೆಯಲಾರದೆ ಅತ್ತೆ, ಯಾರದೋ ಮನೆಯಲ್ಲಿ ಒಳ್ಳೆಯ ಸೀಮೆಹಸು ಇದೆಯಂತೆ ಎಂದು ನೋಡಲು ಹೊರಟುಹೋದರು.

ನನ್ನ ಹೆಸರು ಕೂಗಿದರು. ರಫೀಕ್ ಭಾಯ್ ಪೆನ್ ಡ್ರೈವ್ ಎತ್ತಿ ತೋರಿಸಿ ಹುಬ್ಬು ಹಾರಿಸಿದರು. ನಾನು ಬೇಡವೆಂದು ಕೈಯಾಡಿಸಿದೆ. ಗಿಟಾರು ಹಿಡಿದು ಮೈಕಿನ ಮುಂದೆ ನಿಂತೆ.

ಮೊದಲ ಸಾಲು ಹೇಗೋ ಬಂತು. ಎರಡನೇ ಸಾಲಿನ "ಚಾಕರಿ"ಯಲ್ಲಿ ಮೇಲಕ್ಕೆ ಹೋಗಬೇಕು. ಹೋದೆ, ದನಿ ಒಡೆಯಿತು. ಸರಿಯಾಗಿ ಆಗಲೇ ಮುಂದಿನ ಸಾಲಿನಲ್ಲಿ ಒಬ್ಬಾಕೆ ಎದ್ದು ನಡೆದಳು. ಅವಳ ಹಿಂದೆ ಇಬ್ಬರು, ಆಮೇಲೆ ಒಂದು ಸಾಲಿಗೆ ಸಾಲೇ ಸೆರಗು ಸಿಕ್ಕಿಸಿಕೊಂಡು ಎದ್ದಿತು. ನಾನು ಕಣ್ಣು ಮುಚ್ಚಿ ಹಾಡಿದೆ. ಕಣ್ಣು ತೆರೆದಾಗ ಖಾಲಿ ಕುರ್ಚಿಗಳು, ಎರಡು ಮುದುಕರು, ಒಂದು ನಾಯಿ. ಜಯಮ್ಮನೂ ಇರಲಿಲ್ಲ.

ಹಾಡನ್ನು ಅರ್ಧಕ್ಕೆ ನಿಲ್ಲಿಸಿದೆ. ವೇದಿಕೆಯ ಹಿಂದೆ ಹೋಗಿ ಗಿಟಾರನ್ನು ಚೀಲಕ್ಕೆ ತುಂಬಿ ಜಿಪ್ ಎಳೆದೆ. ಅಳು ಬರಲಿಲ್ಲ, ಅಳಲೂ ಭಯವಾಗುತ್ತಿತ್ತು, ಗಂಟಲು ಇನ್ನೂ ಕೆಡುತ್ತದೆಂದು. ಗಂಟು ಇದೆ ಎಂದ ದಿನವೂ ಇಷ್ಟು ಕುಗ್ಗಿರಲಿಲ್ಲ. ಅವತ್ತು ಬದುಕಬೇಕು ಎಂಬ ಹಟವಾದರೂ ಇತ್ತು. ಜೆರಾಕ್ಸ್ ಅಂಗಡಿ ಕಣ್ಣ ಮುಂದೆ ಬಂತು. ರಫೀಕ್ ಭಾಯ್‌ಗೆ ನನ್ನ ಮುಖ ನೋಡಲಾಗಲಿಲ್ಲವೇನೋ, ಸುಮ್ಮನಿರುವುದಕ್ಕಿಂತ ಮೇಲೆಂದು ಟ್ರ್ಯಾಕ್ ಹಾಕಿಬಿಟ್ಟರು. ಖಾಲಿ ಶಾಮಿಯಾನದ ತುಂಬ ನನ್ನ ಹಳೆಯ ದನಿ ಮೊಳಗಿತು. ಅದು ಮುಗಿಯಿತು, ಅವರು ಮತ್ತೆ ಹಾಕಿದರು. ಕಿವಿ ಮುಚ್ಚಿಕೊಂಡು ಅತ್ತೆಗಾಗಿ ಕಾಯುತ್ತಾ ಎಷ್ಟು ಹೊತ್ತು ಕೂತಿದ್ದೆನೋ.

"ಯಾರ್ಲಾ ಅದು, ಕ್ಯಾಸೆಟ್ ಹಾಕಿರೋನು? ಆರ್ಸ್ಲಾ ಮೊದ್ಲು!"

ಜಯಮ್ಮನ ಗಂಟಲು. ತಲೆಯೆತ್ತಿದೆ. ಕೈಯಲ್ಲಿ ಹಾಲಿನ ಕ್ಯಾನು. ಅವರ ಹಿಂದೆ ಬೀದಿಯುದ್ದಕ್ಕೂ ಹೆಂಗಸರು, ಎಲ್ಲರ ಕೈಯಲ್ಲೂ ಕ್ಯಾನು, ತಂಬಿಗೆ, ಕೊಳಗ. ಅವರ ನಡುವೆ ನಮ್ಮತ್ತೆ, ಯಾರದೋ ಕ್ಯಾನು ಹೊತ್ತುಕೊಂಡು.

"ಮುಗೀಸ್ಬುಟ್ರಾ ಹಾಡ್ನ?" ಎಂದರು ಜಯಮ್ಮ. "ಆ ಭಾಷಣದೋರಿಂದ ಹೊತ್ತಾಗೋಯ್ತು ಕಣವ್ವ, ಕೊಟ್ಟಿಗೇಲಿ ದನ ಅರಚ್ತಾ ಇದ್ದೋ. ಹಾಲ್ ಕರ್ಕಂಡ್ ಬರೋಣ ಅಂತ ಓದೊ."

ಹಾಲು ಕರೆಯುವ ಹೊತ್ತು! ಹಸುವಿನ ಮೇಲೆ ಹಾಡು ಕಟ್ಟಿ ಹೆಸರು ಮಾಡಿದವಳಿಗೆ ಅದೊಂದು ಹೊಳೆದಿರಲಿಲ್ಲ. ಅತ್ತೆ ನನ್ನ ಮುಖ ನೋಡಿ ಎಲ್ಲ ಅರ್ಥ ಮಾಡಿಕೊಂಡರು. "ನಿನ್ ಬುದ್ಧಿಗಿಷ್ಟು... ತೆಗಿಯೇ ಗಿಟಾರ್ನ" ಎಂದರು.

"ನನ್ ದನಿ ಚೆನ್ನಾಗಿಲ್ಲ ಜಯಮ್ಮ, ಒಡೀತದೆ" ಎಂದೆ. ಒಂದು ದಿನವೂ ಯಾರಿಗೂ ಹೇಳದ ಮಾತು ಅಷ್ಟು ಜನರೆದುರು ಬಂದುಬಿಟ್ಟಿತು.

"ಒಡುದ್ರೆ ಒಡೀಲಿ. ನಾವೇನು ಪರೀಕ್ಸೆ ಮಾಡಕ್ ಬಂದಿದ್ದೀವಾ? ಮೊದ್ಲಿಂದ ಯೋಳಿ."

ವೇದಿಕೆ ಹತ್ತಲಿಲ್ಲ. ಡೈರಿಯ ಮೆಟ್ಟಿಲ ಮೇಲೆ ಕೂತು ತಂತಿಗಳ ಶ್ರುತಿ ಇಳಿಸಿದೆ, ಮಾತಾಡುವಷ್ಟೇ ಕೆಳಗೆ. ಹಳೆಯ ಹಾಡಿನ ಎತ್ತರ ಬಿಟ್ಟುಕೊಟ್ಟು, ಈಗಿರುವ ಗಂಟಲಿಗೆ ಎಷ್ಟು ಆಗುತ್ತದೋ ಅಷ್ಟರಲ್ಲಿ ಹಾಡಿದೆ. ಒರಟಾಗಿಯೇ ಬಂತು. ಎರಡು ಕಡೆ ಒಡೆಯಿತು, ಭಯವೂ ಹೋಗಲಿಲ್ಲ. ಆದರೂ ಹಾಲು ಹಾಕಲು ಸಾಲಿನಲ್ಲಿ ನಿಂತವರು ಒಬ್ಬರೂ ಕದಲಲಿಲ್ಲ.

ಒಳಗೆ ಹಾಲು ಅಳೆಯುವವನಿಗೆ ಗಾಬರಿ. ಅವನ ಮುಂದೆ ತಕ್ಕಡಿ ಖಾಲಿ, ಹೊರಗೆ ತುಂಬಿದ ಕ್ಯಾನುಗಳು. ಕಿಟಕಿಯಿಂದ ತಲೆ ಹಾಕಿ ಕೂಗಿಕೊಂಡ, "ಹಾಲು ಹಾಕ್ರವ್ವ! ಲಾರಿ ಬಂದ್ಬುಟ್ಟದೆ!"

ಸಾಲಿನ ಮೊದಲಲ್ಲಿದ್ದ ಜಯಮ್ಮ ಅವನ ಕಡೆ ತಿರುಗಿಯೂ ನೋಡಲಿಲ್ಲ. ಕ್ಯಾನನ್ನು ಕೆಳಗಿಟ್ಟರು.

"ನಿಂತ್ಕತದೆ ಇರ್ಲಾ. ಹಾಡು ಮುಗೀಲಿ."