ಅತ್ತೆಗೆ ಹೇಳದ ಕೇಸು

ಮೊನ್ನೆ ಮಾರ್ಸ್‌ಡನ್ ಪಾರ್ಕ್‌ನ ನಮ್ಮ ಮನೆಯ ಹಿತ್ತಲಲ್ಲಿ ಚಹಾಕ್ಕೆ ಕುಳಿತಿದ್ದಾಗ, ಊರಿನಿಂದ ಬಂದಿರುವ ಹಿರಿಯರೊಬ್ಬರು ಕೈಚೀಲದಿಂದ ಪೆಪ್ಪರ್‌ಮಿಂಟ್ ಪೊಟ್ಟಣ ತೆಗೆದು ನನ್ನ ಮುಂದೆ ಹಿಡಿದರು. ಒಂದರ ಕಾಗದ ಬಿಚ್ಚಿದ್ದೇ ತಡ, ಆ ತಣ್ಣನೆಯ ವಾಸನೆ ನನ್ನನ್ನು ಕೂತಲ್ಲಿಂದಲೇ ಪ್ಯಾರಮಟಾ ಕೋರ್ಟಿನ ಕಿಟಕಿಯಿಲ್ಲದ ಕೋಣೆಯೊಂದಕ್ಕೆ ಎಳೆದುಕೊಂಡು ಹೋಯಿತು. ಉದ್ದನೆಯ ಮೇಜು, ಹನ್ನೆರಡು ಕುರ್ಚಿ, ಮೇಜಿನ ನಡುವೆ ಗಾಜಿನ ಬಟ್ಟಲ ತುಂಬ ಪೆಪ್ಪರ್‌ಮಿಂಟ್. ಈ ಹಿರಿಯರು ಯಾರೆಂದು ಕೊನೆಗೆ ಹೇಳುತ್ತೇನೆ. ಈಗಲೇ ಹೇಳಿದರೆ ನೀವು ಅವರ ಬಗ್ಗೆ ಮೊದಲೇ ಒಂದು ತೀರ್ಮಾನಕ್ಕೆ ಬಂದುಬಿಡುತ್ತೀರಿ. ಹಾಗೆ ಬರಬಾರದು ಎಂಬುದೇ ಆ ಕೋಣೆಗೆ ಹೋದವರಿಗೆ ಕಲಿಸುತ್ತಿದ್ದ ಮೊದಲ ಪಾಠ.

ಇದು ಎರಡು ಸಾವಿರದ ದಶಕದ ಮಾತು. ತುಮಕೂರಿನಿಂದ ಓದಲು ಬಂದ ನಾನು ಇಲ್ಲೇ ಕಾಯಂ ಇರಲು ಪಿಆರ್ ಪಡೆದು, ಮದುವೆಯಾಗಿ, ಟೂಂಗಾಬಿಯಲ್ಲಿ ರೆಂಟಿಗೆ ಒಂದು ಯೂನಿಟ್, ಅಂದರೆ ಚಿಕ್ಕ ಫ್ಲ್ಯಾಟ್, ಹಿಡಿದು, ಕೊನೆಗೆ ಇಲ್ಲಿನ ಪ್ರಜೆಯೂ ಆದೆ. ಪ್ರಜೆಯಾದರೆ ವೋಟು ಹಾಕಬಹುದು ಎಂದಷ್ಟೇ ತಿಳಿದಿದ್ದೆ. ಆದರೆ ಜ್ಯೂರಿಯಲ್ಲಿ, ಅಂದರೆ ಆರೋಪಿ ತಪ್ಪಿತಸ್ಥನೋ ಅಲ್ಲವೋ ಎಂದು ತೀರ್ಮಾನಿಸುವ ಹನ್ನೆರಡು ಜನಸಾಮಾನ್ಯರಲ್ಲಿ ಒಬ್ಬನಾಗಿ, ಕೂರಲು ಕೋರ್ಟಿನಿಂದ ಕರೆಯೂ ಬಂತು. ಮೆಲ್ಬರ್ನ್‌ನಲ್ಲಿದ್ದ ಗೆಳೆಯ ಮಂಜುಗೆ ಫೋನ್ ಮಾಡಿದೆ. ಇಂಥ ವಿಷಯಗಳಲ್ಲೆಲ್ಲ ಅವನು ಉಚಿತ ಸಲಹೆಗಾರ.

“ಇಂಗ್ಲಿಷ್ ಅರ್ಥ ಆಗಲ್ಲ ಅಂತ ಬರೆದು ಕಳಿಸೋ, ಬಿಟ್ಬಿಡ್ತಾರೆ.”

“ಐಟಿ ಜಾಬ್ ಮಾಡ್ತಿದೀನಿ ಕಣೋ, ಯಾರು ನಂಬ್ತಾರೆ?”

“ನಿನ್ನ ಇಂಗ್ಲಿಷ್ ಒಂದ್ಸಲ ಕೇಳಿದ್ರೆ ನಂಬ್ತಾರೆ ಬಿಡು.”

ಮಂಜುವಿನ ಮೇಲಿನ ಸಿಟ್ಟಿಗೇ ಹೋದೆ ಎಂದರೂ ತಪ್ಪಲ್ಲ. ಹೋದವನು ಆಯ್ಕೆಯೂ ಆದೆ.

ಜಡ್ಜ್ ವಯಸ್ಸಾದವರು. ತಲೆಯ ಮೇಲೆ ಬಿಳಿ ಕೃತಕ ಕೂದಲಿನ ಟೋಪನ್, ಮೂಗಿನ ತುದಿಗೆ ಕನ್ನಡಕ. ವಕೀಲರ ಜೊತೆ ಗಡುಸಾಗಿ ಮಾತನಾಡುತ್ತಿದ್ದವರು ನಮ್ಮ ಕಡೆ ತಿರುಗಿದ ಕೂಡಲೇ ದನಿ ಇಳಿಸುತ್ತಿದ್ದರು. ಆರೋಪಿ ಏನನ್ನೂ ಸಾಬೀತು ಮಾಡಬೇಕಾಗಿಲ್ಲ, ಮಾಡಬೇಕಾದವರು ಆರೋಪ ಹೊರಿಸಿದವರು ಎಂದು ಬಿಡಿಸಿ ಹೇಳಿದರು. ಸಾಕ್ಷ್ಯ ಪೂರ್ತಿ ಮುಗಿಯುವ ತನಕ ಮನಸ್ಸಿನ ಬಾಗಿಲು ತೆರೆದೇ ಇರಲಿ ಎಂದರು. ಆಮೇಲೆ ಹೇಳಿದ ಒಂದು ಮಾತು ಮಾತ್ರ ನನ್ನ ಕಿವಿಯನ್ನೇ ನಾನು ನಂಬದಂತೆ ಮಾಡಿತು. “ಕಾನೂನು ಏನೆಂಬುದನ್ನು ನಾನು ಹೇಳುತ್ತೇನೆ, ನಡೆದದ್ದು ಏನೆಂಬುದನ್ನು ತೀರ್ಮಾನಿಸುವವರು ನೀವು. ನನ್ನ ಮಾತಿನಲ್ಲಿ ನನ್ನ ಅಭಿಪ್ರಾಯ ಎಲ್ಲಾದರೂ ಇಣುಕಿದರೆ ಅದಕ್ಕೆ ನೀವು ಕಟ್ಟುಬೀಳಬೇಕಾಗಿಲ್ಲ.” ದೊಡ್ಡವರ ಹುಬ್ಬು ಯಾವ ಕಡೆ ಏರಿತೆಂದು ನೋಡಿಕೊಂಡೇ ಹೌದು ಅಲ್ಲ ಎನ್ನುತ್ತಿದ್ದ ಮನೆಯಲ್ಲಿ ಬೆಳೆದವನು ನಾನು. ಎತ್ತರದ ಪೀಠದಲ್ಲಿ ಕೂತ ದೊಡ್ಡವರೇ ನನ್ನ ಹುಬ್ಬು ನೋಡಬೇಡಿ ಅಂದರೆ ಮತ್ತೇನು ನೋಡುವುದು?

ಕೊನೆಯದಾಗಿ, ಕೇಸಿನ ವಿಷಯ ಯಾರ ಜೊತೆಗೂ ಮಾತನಾಡಬೇಡಿ, ಮನೆಯವರ ಜೊತೆಗೂ ಕೂಡದು ಎಂದರು. ಅವರಿಗೆ ನಮ್ಮ ಅತ್ತೆಯ ಪರಿಚಯ ಇರಲಿಲ್ಲ, ಪಾಪ.

ನನ್ನ ಹೆಂಡತಿ ಸುಧಾ ಧಾರವಾಡದವಳು. ಅವಳ ತಾಯಿ ಆಗ ವಿಸಿಟರ್ ವೀಸಾದ ಮೇಲೆ ಬಂದಿದ್ದರು. ಅವರ ಮನೆಯಲ್ಲಿ ಸಂಜೆಯ ಚಹಾ ಎಂದರೆ ಬರೀ ಚಹಾ ಅಲ್ಲ. ತಾಟಿನ ತುಂಬ ಅವಲಕ್ಕಿ ಚೂಡಾ ಇಟ್ಟುಕೊಂಡು, ಹೊರಗೆ ಹೋಗಿ ಬಂದವರೆಲ್ಲ ಅಂದಿನ ಸುದ್ದಿಯನ್ನು ಒಂದೂ ಬಿಡದೆ ಒಪ್ಪಿಸಬೇಕು. ಕೇಳಿಸಿಕೊಂಡು ತೀರ್ಪು ಕೊಡುವವರು ಅತ್ತೆ. ಬಂಧುಬಳಗದ ಎಷ್ಟೋ ಜಗಳಗಳು ಅವರ ಒಂದು “ಹೂಂ” ಅಥವಾ “ಊಹೂಂ”ನಲ್ಲಿ ಮುಗಿದಿದ್ದವಂತೆ.

“ಏನಾತ್ರಿ ಇವತ್ತ ಕೋರ್ಟಿನ್ಯಾಗ?” ಮೊದಲ ಸಂಜೆಯೇ ಕೇಳಿದರು.

“ಹೇಳೋ ಹಾಗಿಲ್ಲ ಅತ್ತೆ. ಜಡ್ಜ್ ಬೇಡ ಅಂದಿದಾರೆ.”

“ನಾ ಯಾರಿಗೆ ಹೇಳ್ಲಿ? ಈ ಓಣ್ಯಾಗ ನನಗ ಗೊತ್ತಿರೂದು ಆ ಪೋಸ್ಟಿನಾಂವ ಒಬ್ಬ. ಅವಂಗ ಕನ್ನಡ ಬರೂದಿಲ್ಲ, ನನಗ ಇಂಗ್ಲಿಷ್ ಬರೂದಿಲ್ಲ.”

ನಾನು ಚೂಡಾದಲ್ಲಿ ಶೇಂಗಾ ಹುಡುಕುತ್ತ ತಲೆ ತಗ್ಗಿಸಿದೆ. ಎರಡನೆಯ ಸಂಜೆಯೂ ಅದೇ ಕಥೆ. ಮೂರನೆಯ ಸಂಜೆ ಅತ್ತೆ ನನ್ನ ಚಹಾವನ್ನು ಮೇಜಿನ ಮೇಲಿಟ್ಟು, ತಮ್ಮದನ್ನು ತೆಗೆದುಕೊಂಡು ಬಾಲ್ಕನಿಗೆ ಹೋದರು. “ಒಂದಿಷ್ಟು ಮಾತಾಡಿದ್ರ ಬಾಯಿ ಸವೀತದೇನು? ನಾ ಹೊರಗಿನಾಕಿ ಆದ್ನೆವ್ವಾ,” ಎಂದು ಮಗಳಿಗೆ ಹೇಳಿದ್ದು ನನಗೆ ಕೇಳಿಸಲಿ ಎಂದೇ ಹೇಳಿದ್ದು. ನನಗೆ ನಿಜವಾಗಿಯೂ ಸಂಕಟವಾಯಿತು. ತಾಯಿಯನ್ನು ಬೇಗ ಕಳೆದುಕೊಂಡ ನನಗೆ, ಮನೆಗೆ ಬಂದ ಕೂಡಲೇ ಇಡೀ ದಿನದ ಸುದ್ದಿ ಕೇಳುವವರು ಇದ್ದದ್ದು ಆ ಕೆಲವು ತಿಂಗಳು ಮಾತ್ರ.

ಮರುದಿನ ನಮ್ಮನ್ನು ಒಳಗೂ ಹೊರಗೂ ಕರೆದೊಯ್ಯುವ ಕೋರ್ಟ್ ಆಫೀಸರನ್ನು ಕೇಳಿದೆ: ಕೇಸು ಬೇಡ, ಜ್ಯೂರಿಯವರು ಹೇಗೆ ಯೋಚಿಸಬೇಕು ಎಂಬುದನ್ನಾದರೂ ಮನೆಯಲ್ಲಿ ಹೇಳಬಹುದೇ? ಆ ದಪ್ಪ ಮೀಸೆಯ ಮನುಷ್ಯ ನಕ್ಕುಬಿಟ್ಟ. ಅದು ಗುಟ್ಟಲ್ಲ ಮೇಟ್, ಪ್ರತಿ ಜ್ಯೂರಿಗೂ ಅದನ್ನೇ ಹೇಳುತ್ತೇವೆ. ಕೇಸನ್ನು ಮಾತ್ರ ಇಲ್ಲೇ ಬಿಟ್ಟು ಹೋಗು ಎಂದ.

ಹೀಗೆ ನಮ್ಮ ಚಹಾ ಮತ್ತೆ ಶುರುವಾಯಿತು. ಮುಖ ನೋಡಿ, ಊರು ನೋಡಿ, ಕನಿಕರದಿಂದಾಗಲೀ ಸಿಟ್ಟಿನಿಂದಾಗಲೀ ತೀರ್ಮಾನ ಮಾಡಬಾರದಂತೆ ಎಂದೆ.

“ಮುಖ ನೋಡಿದ್ರ ಗೊತ್ತಾಗೂದಿಲ್ಲೇನ್ರಿ?”

“ಗೊತ್ತಾಗಲ್ವಂತೆ ಅತ್ತೆ.”

“ಹಂಗಾದ್ರ ನಿಮ್ಮನ್ನ ಅಳಿಯ ಅಂತ ನಾ ಹೆಂಗ ಆರಿಸಿದೆ?”

ನಾನು ಪಾಠ ಬದಲಿಸಿದೆ. ತಮ್ಮ ಅಭಿಪ್ರಾಯಕ್ಕೆ ನಾವು ತಲೆಬಾಗಬೇಕಿಲ್ಲ ಎಂದು ಜಡ್ಜ್ ಅಂದದ್ದನ್ನು ಹೇಳಿದಾಗ ಅತ್ತೆ ಹಣೆ ಚಚ್ಚಿಕೊಂಡರು. “ದೊಡ್ಡವರ ಮಾತು ಕೇಳಬ್ಯಾಡ್ರಿ ಅಂತ ದೊಡ್ಡವರ ಹೇಳ್ತಾರ? ಏನ್ ಕೋರ್ಟರೀ ನಿಮ್ಮದು!” ಆದರೆ ಮರುದಿನದಿಂದ ನಾನು ಬೂಟು ಬಿಚ್ಚುವ ಮೊದಲೇ ಕೇಳುತ್ತಿದ್ದರು: “ಇವತ್ತೇನ್ ಕಲಿಸಿದ್ರು?”

ಒಂದು ಸಂಜೆ ಹೇಳಿದೆ: “ಆರೋಪಿ ಒಬ್ಬ ಏನೂ ಮಾತಾಡ್ದೆ ಕೂತ ಅಂತ ಇಟ್ಕೊಳ್ಳಿ. ಸುಮ್ನಿದಾನೆ ಅಂದ್ರೆ ತಪ್ಪು ಮಾಡಿದಾನೆ ಅಂತ ತಿಳ್ಕೋಬಾರ್ದಂತೆ.” ನಮ್ಮ ಕೇಸಿನ ಆರೋಪಿ ಮಾತನಾಡಿದನೋ ಇಲ್ಲವೋ, ಅದನ್ನು ಅತ್ತೆಗೂ ಹೇಳಲಿಲ್ಲ, ನಿಮಗೂ ಹೇಳುವುದಿಲ್ಲ.

“ಇದು ನಾ ಒಪ್ಪೂದಿಲ್ಲ. ಮಾಡಿಲ್ಲಂದ್ರ ಮಾಡಿಲ್ಲ ಅಂತ ಅನ್ನಲಿಕ್ಕೆ ಏನು ಧಾಡಿ?”

“ನೂರು ಕಾರಣ ಇರಬಹುದಲ್ವಾ ಅತ್ತೆ? ಹೆದರಿಕೆ, ಅವಮಾನ. ನಮಗೆ ಗೊತ್ತಿಲ್ಲದ ಕಾರಣನ ನಾವೇ ಊಹೆ ಮಾಡಿ ಅವನ ತಲೆಗೆ ಕಟ್ಟಬಾರ್ದಂತೆ.”

ಬಾಯಿಯ ಹತ್ತಿರ ಹೋಗಿದ್ದ ಅತ್ತೆಯ ಕಪ್ಪು ಅಲ್ಲೇ ನಿಂತಿತು. ಅದನ್ನು ಕೆಳಗಿಟ್ಟು ಎದ್ದು ಒಳಗೆ ಹೋದರು.

ಕಪ್ಪು ತೊಳೆಯುತ್ತ ಸುಧಾ ನನಗೆ ಹೇಳಿದಳು. ನನ್ನ ಜೊತೆ ಮದುವೆ ಗೊತ್ತಾಗುವುದಕ್ಕೆ ಮೊದಲು ಅವಳಿಗೆ ಬೆಳಗಾವಿಯ ಒಂದು ಸಂಬಂಧ ಕೂಡಿಬಂದಿತ್ತು. ಹುಡುಗಿಗೆ ಚಿಕ್ಕಂದಿನಲ್ಲಿ ದಮ್ಮು ಇತ್ತೆಂದು ಯಾರೋ ಹುಡುಗನ ಕಡೆಯವರ ಕಿವಿ ಊದಿದರು, ಸಂಬಂಧ ಮುರಿಯಿತು. ಅವರ ಬಳಗದಲ್ಲಿ ಬೆಳಗಾವಿಯಲ್ಲಿ ಇದ್ದದ್ದು ಸುಧಾಳ ತಂದೆಯ ತಂಗಿ ಸುಶೀಲಾ ಒಬ್ಬರೇ. ಅತ್ತೆ ಅವರನ್ನು ನಡುಮನೆಯಲ್ಲಿ ಎಲ್ಲರ ಮುಂದೆ ನಿಲ್ಲಿಸಿ ಕೇಳಿದರು. ಸುಶೀಲಾ ಹೌದೂ ಅನ್ನಲಿಲ್ಲ, ಅಲ್ಲ ಎಂದೂ ಅನ್ನಲಿಲ್ಲ. ಅತ್ತೆಗೆ ಅಷ್ಟು ಸಾಕಾಯಿತು. ಅಂದಿನಿಂದ ಹೋಗುಬರುವುದು ನಿಂತಿತು; ನಮ್ಮ ಮದುವೆಗೂ ಅವರು ಬರಲಿಲ್ಲ. ನಾನಂತೂ ಈ ಕೇಸಿನ ಜ್ಯೂರಿಗೆ ಲಾಯಕ್ಕಿಲ್ಲ. ಬಾಯಿಬಿಟ್ಟವರು ಯಾರೇ ಇರಲಿ, ಸುಧಾ ನನಗೆ ಸಿಕ್ಕಿದ್ದು ಅವರ ಪುಣ್ಯದಿಂದ.

ಮರುದಿನ ಬೆಳಿಗ್ಗೆ ಅತ್ತೆ, “ಬರೂವಾಗ ಒಂದು ಕಾಲಿಂಗ್ ಕಾರ್ಡ್ ತರ್ರಿ,” ಎಂದರು. ಕೋರ್ಟು ಬಿಟ್ಟ ಮೇಲೆ ಹ್ಯಾರಿಸ್ ಪಾರ್ಕ್‌ಗೆ ನಡೆದುಹೋಗಿ ದಿನಸಿ ಅಂಗಡಿಯಲ್ಲಿ ಊರಿಗೆ ಅಗ್ಗಕ್ಕೆ ಫೋನ್ ಮಾಡುವ ಆ ಕಾರ್ಡು ಕೊಂಡೆ. ಮನೆಗೆ ಬಂದು, ಅದರ ಮೇಲಿನ ಪಟ್ಟಿಯನ್ನು ನಾಣ್ಯದಿಂದ ಉಜ್ಜಿ, ಕೆಳಗಿದ್ದ ಉದ್ದನೆಯ ನಂಬರು ಒತ್ತಿ ಸ್ಪೀಕರಿಗೆ ಹಾಕಿಕೊಟ್ಟೆ. ಬೆಳಗಾವಿಯಲ್ಲಿ ಆಗ ಮಧ್ಯಾಹ್ನ.

“ಸುಶೀಲಾ, ನಾ ಮಾತಾಡ್ತೀನಿ. ಕೇಳಲಿಕ್ಕೆ ಫೋನ್ ಮಾಡಿಲ್ಲವ್ವಾ. ನೀ ಏನೂ ಹೇಳಬ್ಯಾಡ.” ಅತ್ತೆ ಫೋನಿನ ಹತ್ತಿರ ಬಾಗಿದರು. “ಅವತ್ತು ನೀ ಸುಮ್ಮನಿದ್ದಿ ಅಂತ ನಾ ಅಷ್ಟೆಲ್ಲಾ ಅನ್ನಬಾರದಾಗಿತ್ತು.”

ಲೈನು ಹೋಯಿತೇನೋ ಎಂದು ನಾನು ಫೋನಿಗೆ ಕೈಹಾಕಿದೆ. ಅತ್ತೆ ನನ್ನ ಕೈ ಹಿಡಿದು ತಡೆದರು.

“ವೈನಿ,” ಎಂದು ಕೊನೆಗೆ ಅತ್ತಿಗೆಯನ್ನು ಕರೆದರು ಸುಶೀಲಾ, “ಊಟ ಆತ್ರಿ?”

ಅತ್ತೆ ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಅತ್ತರು. ಸುಧಾ ಅತ್ತಳು. ನಾನೂ ಅತ್ತೆ ಎಂದು ಒಪ್ಪಿಕೊಳ್ಳಲು ಈಗ ನಾಚಿಕೆಯಿಲ್ಲ.

ನಮ್ಮ ಕೇಸು ಏನಾಯಿತು ಎಂದು ಕೇಳುತ್ತೀರಿ. ತೀರ್ಪು ಕೊಟ್ಟು ಬಂದೆವು, ಅಷ್ಟೇ. ಒಳಗಿನ ಮಾತು ಒಳಗೇ ಇರಲಿ ಎಂದು ಜಡ್ಜ್ ಕೈಮುಗಿಯುವುದೊಂದು ಬಾಕಿ ಇಟ್ಟು ಹೇಳಿದ್ದರು. ವಿಚಿತ್ರವೆಂದರೆ, ಅದು ಮುಗಿದ ಮೇಲೆ ಅತ್ತೆಯೂ ಕೇಳಲಿಲ್ಲ. ಅವರು ತೀರಿಕೊಂಡು ಈಗ ಕೆಲವು ವರ್ಷಗಳಾದವು. ಸಂಜೆ ಬೂಟು ಬಿಚ್ಚುವಾಗ ಇಂದಿಗೂ ಒಂದು ಕ್ಷಣ ಕಿವಿ ನಿಮಿರುತ್ತದೆ, ಇವತ್ತೇನ್ ಕಲಿಸಿದ್ರು ಎಂದು ಯಾರೋ ಕೇಳುತ್ತಾರೇನೋ ಎಂದು.

ಮೊನ್ನೆ ಹಿತ್ತಲಲ್ಲಿ ಪೆಪ್ಪರ್‌ಮಿಂಟ್ ಕೊಟ್ಟವರು ಆ ಸುಶೀಲತ್ತೆ. ನಮ್ಮ ಮಗಳನ್ನು ನೋಡಲೆಂದು ಮೊದಲ ಸಲ ಇಷ್ಟು ದೂರ ಬಂದಿದ್ದಾರೆ. ಬಂದ ದಿನದಿಂದ ನನಗೆ ಒಂದೇ ಚಪಲ: ನಿಜ ಹೇಳಿ, ಬೆಳಗಾವಿಯವರಿಗೆ ಹೇಳಿದ್ದು ನೀವೇನಾ? ಹೇಳಿದವರಿಗೆ ನಾನು ಕೃತಜ್ಞನಾಗಿರಬೇಕಲ್ಲ ಎಂದು ನೆಪವನ್ನೂ ಹೊಂದಿಸಿಕೊಂಡಿದ್ದೆ. ಅವರು ನನ್ನ ಮುಖ ನೋಡಿದರು.

“ಏನೋ ಕೇಳಬೇಕಂತೀರಿ, ಕೇಳವಲ್ರಿ.”

“ಚಹಾಕ್ಕೆ ಸಕ್ಕರೆ ಸಾಕಾ ಅಂತ.”

ಅವರು ನಕ್ಕರು. “ವೈನೀನೂ ಹಿಂಗ ನೋಡ್ರಿ. ಆ ಫೋನ್ ಆದಮ್ಯಾಲೆ ಪ್ರತಿ ವರ್ಷ ಧಾರವಾಡಕ್ಕ ಹೋಗತಿದ್ದೆ. ಒಂದ ದಿನಾನೂ ಕೇಳಲಿಲ್ಲ. ನಾನಾಗೇ ಹೇಳಬೇಕಂತ ಬಾಯಿ ತಗದ್ರೂ, ಇರ್ಲಿ ಬಿಡ, ಉಣ್ಣು ಅಂತಿದ್ರು.” ಪೊಟ್ಟಣವನ್ನು ಮಡಚಿ ಕೈಚೀಲಕ್ಕೆ ಹಾಕಿಕೊಂಡರು. “ಮೊದಲ ಹಂಗಿರಲಿಲ್ಲ ಅವರು. ಎಲ್ಲಿ ಕಲ್ತಿದ್ರೋ ಏನೋ.”

ಎಲ್ಲಿ ಕಲಿತರೆಂದು ನನಗೆ ಗೊತ್ತಿತ್ತು. ಪೆಪ್ಪರ್‌ಮಿಂಟನ್ನು ಬಾಯಿಗೆ ಹಾಕಿಕೊಂಡು ಅವರ ಕಪ್ಪಿಗೆ ಇನ್ನಷ್ಟು ಚಹಾ ಬಗ್ಗಿಸಿದೆ.